ಪ್ರತಿವಾದಿಯ ಜೀಪು

ಕೋಮಲ ಮೇಡಂ ಜೀಪು ಹತ್ತಿ ಹಿಂದಿನ ಸೀಟಿನಲ್ಲಿ ಕೂತು ಫೈಲನ್ನು ತೊಡೆಯ ಮೇಲಿಟ್ಟುಕೊಂಡರು. ಅಂದು ಅವರು ಬೆಂಗಳೂರಿನ ಹೈಕೋರ್ಟಿನಲ್ಲಿ ಖುದ್ದಾಗಿ ನಿಲ್ಲಬೇಕಿತ್ತು. ಕೊಳ್ಳೇಗಾಲದ ಆಫೀಸಿಗೆ ವರ್ಗವಾಗಿ ಬಂದು ತಿಂಗಳೂ ಆಗಿರಲಿಲ್ಲ. ದಿನಗೂಲಿ ಡ್ರೈವರ್ ಒಬ್ಬನನ್ನು ಖಾಯಂ ಮಾಡಿ ಎಂದು ಕೋರ್ಟು ಹೇಳಿತ್ತು. ಹಿಂದಿನ ಸಾಹೇಬರು ಮಾಡದೆ ಹೋಗಿದ್ದರು. ನ್ಯಾಯಾಂಗ ನಿಂದನೆಯ ಕೇಸು ಕುರ್ಚಿಯ ಜೊತೆ ಇವರ ಪಾಲಿಗೆ ಬಂದಿತ್ತು.

ಮಳವಳ್ಳಿ ದಾಟಿದ ಮೇಲೆ ಫೈಲ್ ತೆರೆದು ಅರ್ಜಿದಾರನ ಹೆಸರು ಓದಿದರು. ಆಮೇಲೆ ಕನ್ನಡಿಯಲ್ಲಿ ಡ್ರೈವರನ ಮುಖ ನೋಡಿದರು. ಆಫೀಸಿನವರೆಲ್ಲ ಅವನನ್ನು ಗಿರಿ ಎಂದಷ್ಟೇ ಕರೆಯುತ್ತಿದ್ದರು.

"ಯಳಂದೂರಿನ ಬಿಳಿಗಿರಿ ಅಂದ್ರೆ ನೀವೇನಾ?"

"ಊಂ ಮೇಡಂ."

"ಹೇಳಬಾರದಿತ್ತಾ? ಬೇರೆ ಡ್ರೈವರ್‌ನ ಕರ್ಕೊಂಡು ಬರ್ತಿದ್ದೆ."

"ಬೇರೆ ಯಾರೂ ಇಲ್ಲ ಮೇಡಂ. ಅದ್ಕೇ ಅಲ್ವಾ ನಾ ಕೇಸಾಕಿದ್ದು."

ಕೋಮಲ ಫೈಲ್ ಮುಚ್ಚಿದರು.

ಬೆಂಗಳೂರು ಹತ್ತಿರವಾದಾಗ ರಸ್ತೆ ತುಂಬ ವಾಹನಗಳು ನಿಂತಿದ್ದವು. ಹೊತ್ತಿಗೆ ಸರಿಯಾಗಿ ಮೇಡಂ ಬರದಿದ್ದರೆ ವಾರಂಟ್ ಹೊರಡುತ್ತೆ, ಆಗ ನಿನ್ನ ಕೆಲಸ ಬೇಗ ಆಗುತ್ತೆ ಎಂದು ಬಿಳಿಗಿರಿಗೆ ಅವನ ವಕೀಲರು ಹೇಳಿದ್ದರು. ಸುಮ್ಮನೆ ಕೂತರೆ ಸಾಕಿತ್ತು. ಬಿಳಿಗಿರಿ ಎಂಜಿನ್ ಆಫ್ ಮಾಡಿ ಸ್ವಲ್ಪ ಹೊತ್ತು ಕೂತೂ ನೋಡಿದ. ಹಿಂದೆ ಮೇಡಂ ಸೆರಗಿನಿಂದ ಕುತ್ತಿಗೆ ಒರೆಸಿಕೊಳ್ಳುತ್ತಿದ್ದರು. ಅವನು ಮತ್ತೆ ಎಂಜಿನ್ ಆನ್ ಮಾಡಿ, ಜೀಪನ್ನು ಎಡಕ್ಕೆ ತಿರುಗಿಸಿ ಯಾವುದೋ ಬಡಾವಣೆಯ ಗಲ್ಲಿಗೆ ನುಗ್ಗಿಸಿದ.

"ಗಾಬರಿ ಬೀಳ್ಬ್ಯಾಡಿ ಮೇಡಂ. ನನ್ ಜೀಪು ಇದುವರ್ಗೂ ಲೇಟಾಗಿಲ್ಲ."

ಪ್ರಕರಣ ಕೂಗಿದಾಗ ಇಬ್ಬರೂ ಒಟ್ಟಿಗೆ ಎದ್ದು ನಿಂತರು. ಇಲಾಖೆಯ ಕೇಂದ್ರ ಕಚೇರಿಯಿಂದ ಬೆಳಿಗ್ಗೆಯಷ್ಟೇ ತಮಗೆ ಬಂದಿದ್ದ ಆದೇಶವನ್ನು ಸರ್ಕಾರಿ ವಕೀಲರು ಒಪ್ಪಿಸಿದರು. ಬಿಳಿಗಿರಿ ಖಾಯಂ ಆಗಿದ್ದ. ನ್ಯಾಯಮೂರ್ತಿಗಳು ಪ್ರಕರಣ ಮುಗಿಸಿ ಮುಂದಿನದನ್ನು ಎತ್ತಿಕೊಂಡರು.

ಬಿಳಿಗಿರಿ ಹೊರಗೆ ಬಂದು ಹೆಂಡತಿಗೆ ಫೋನ್ ಮಾಡಿದ. "ಕುಸುಮ, ಆಯ್ತು ಕಣಮ್ಮಿ" ಎಂದ.

ಅವನು ಜೀಪಿನ ಹತ್ತಿರ ಬಂದಾಗ ಕೋಮಲ ಆದೇಶದ ಎರಡನೇ ಪುಟ ಓದುತ್ತಿದ್ದರು.

"ನಮ್ಮಲ್ಲಿ ಡ್ರೈವರ್ ಹುದ್ದೆಯೇ ಮಂಜೂರಾಗಿಲ್ಲವಂತೆ ಬಿಳಿಗಿರಿ. ನಿಮ್ಮನ್ನ ಹನೂರು ಆಫೀಸಿಗೆ ಜವಾನ ಅಂತ ಹಾಕಿದ್ದಾರೆ. ತಕ್ಷಣದಿಂದ ಜಾರಿ."

"ಅಂಗಾರೆ ಈ ಜೀಪು?"

"ಜವಾನರು ಓಡಿಸೋ ಹಾಗಿಲ್ಲ."

ಬಿಳಿಗಿರಿ ಜೇಬಿನಿಂದ ಕೀ ತೆಗೆದು ಬಾನೆಟ್ಟಿನ ಮೇಲಿಟ್ಟ. ಇಟ್ಟ ಕೈಯನ್ನು ಕೂಡಲೇ ತೆಗೆಯಲಿಲ್ಲ. ಬಾನೆಟ್ಟು ಬಿಸಿಲಿಗೆ ಇನ್ನೂ ಬೆಚ್ಚಗಿತ್ತು. ಕೋಮಲರಿಗೆ ಡ್ರೈವಿಂಗ್ ಬರುತ್ತಿರಲಿಲ್ಲ. ಸಂಜೆಯಾಗುತ್ತಿತ್ತು.

"ಒಂದು ಕೆಲಸ ಮಾಡೋಣ" ಎಂದು ಅವರು ಬ್ಯಾಗಿನಿಂದ ಪೆನ್ನು ತೆಗೆದರು. "ನಾಳೆಯಿಂದ ಖಾಯಂ. ಇವತ್ತು ಊರು ಮುಟ್ಟೋವರೆಗೂ ನೀವು ದಿನಗೂಲಿ ಡ್ರೈವರ್ ಅಂತ ಬರ್ಕೊಡ್ತೀನಿ."

ಬಿಳಿಗಿರಿ ಕೀ ಎತ್ತಿಕೊಂಡು ಅವರಿಗೆ ಹಿಂದಿನ ಬಾಗಿಲು ತೆಗೆದ.

"ಬರೀಬ್ಯಾಡಿ ಮೇಡಂ, ಕುಂತ್ಕಳಿ. ಬರುದ್ರೆ ಅದ್ಕೂ ಕೇಸಾಕ್ಬೇಕಾಯ್ತದೆ."