ಗಂಡನ ಅಪ್ಪಣೆ

ಗಂಡ ಸೆರಗಿನ ಮೇಲೆ ಕಾರಿದ್ದನ್ನು ದೈವಾನೈ ಬಾವಿಕಟ್ಟೆಯಲ್ಲಿ ತೊಳೆಯುತ್ತಿದ್ದಾಗ ಪಾಂಡಿ ಓಡಿಬಂದ. ಅವಳ ತೊಗಲುಬೊಂಬೆ ನೆರಳಾಟದ ಮೇಳಕ್ಕೆ ಮದ್ದಳೆ ಬಾರಿಸುವವನು.

“ಅಕ್ಕಾ, ಗಾಡಿ ಕಟ್ಟಾಯ್ತು. ಆದ್ರೆ ಹೊರಡಾಕ ಬಿಡ್ತಾ ಇಲ್ಲೆ. ಚಾವಡೀಲಿ ಕೂಟ ಸೇರೈತೆ. ನಿನ್ನ ಮಾಮನೇ ಸೇರ್ಸವ್ರೆ.”

“ಏನಂತೆ?”

“ಹೆಂಗ್ಸು ಪರದೆ ಕಟ್ಕೊಂಡು ದಿಂಡಿಗಲ್ಲಿಗೆ ಹೋಗ್ಬೇಕಂದ್ರೆ ಗಂಡ ಬಾಯ್ಬಿಟ್ಟು ಹೇಳ್ಬೇಕಂತೆ. ಎಲ್ರ ಎದುರ್ಗೆ.”

ಎಷ್ಟು ತಿಕ್ಕಿದರೂ ಹುಳಿ ವಾಸನೆ ಹೋಗಲಿಲ್ಲ. ಬೆಳಗ್ಗೆಯೇ ಮಾವ ಗಂಡನನ್ನು ತಾಳೆಮರಗಳ ಕಡೆಗೆ ಕರೆದೊಯ್ದಿದ್ದರು. ಮರದಿಂದ ಇಳಿಸಿದ್ದನ್ನು ಹೊಟ್ಟೆ ಬಿರಿಯುವಷ್ಟು ಕುಡಿಸಿ ಕಳಿಸಿದ್ದರು. ಬಂದವನೇ ಗಂಜಿಯ ಬಟ್ಟಲನ್ನು ಗೋಡೆಗೆ ಬೀಸಿದ. ಅವಳ ಬೆನ್ನಿಗೆ ಗುದ್ದಿದ. ಅಲ್ಲೇ ಬಿದ್ದು ನಿದ್ದೆ ಹೋದ. ಎಬ್ಬಿಸಲು ಬಾಗಿದರೆ ಹಾಸಿಗೆ ಒದ್ದೆ, ಅದರ ಮೇಲೆ ಈ ವಾಂತಿ. ಅತ್ತೆ ತೀರಿಕೊಂಡ ಮೇಲೆ ಇದನ್ನೆಲ್ಲ ಒಗೆಯುವವಳು ಇವಳೇ.

ಅವನು ಸೋದರತ್ತೆಯ ಮಗ. ಕಂಬಂ ಕಣಿವೆಯ ಕನ್ನಡ ಒಕ್ಕಲುಗಳಲ್ಲಿ ಅತ್ತೆಯ ಮಗನ ಹಕ್ಕನ್ನು ಯಾರೂ ಮೀರುವುದಿಲ್ಲ. ಬೇರೆ ಸಂಬಂಧಗಳನ್ನು ಅಪ್ಪ ಹೊಸ್ತಿಲಿಂದಲೇ ಕಳಿಸಿಬಿಟ್ಟಿದ್ದ. ಓರಗೆಯವರೆಲ್ಲ ಮಕ್ಕಳ ತಾಯಂದಿರಾದರೂ ದೈವಾನೈ ಅವನಿಗಾಗಿ ಕಾದಳು.

ಕಾಯುವ ಆ ವರ್ಷಗಳಲ್ಲಿ ನೆರಳಾಟ ಕೈಹತ್ತಿತು. ತೋಟದಲ್ಲಿ ಬಿಡಾರ ಹೂಡುತ್ತಿದ್ದ ಮುದಿ ಬೊಂಬೆಯಾಟದವನು ಕಣ್ಣು ಮಂಜಾದಾಗ ಪೆಟ್ಟಿಗೆಯನ್ನೇ ಅವಳಿಗೆ ಬಿಟ್ಟುಹೋದ. ಅವಳ ಆಟ ಮಾತ್ರ ಅವನದಾಗಿ ಉಳಿಯಲಿಲ್ಲ. ಬೊಂಬೆಯನ್ನು ಪರದೆಗೆ ಒತ್ತಿ ಹಿಡಿಯುವುದು ಎಲ್ಲರ ಪದ್ಧತಿ. ಅವಳು ಅದನ್ನು ಹಿಂದಕ್ಕೆಳೆದು ದೀಪದ ಬಳಿಗೆ ತಂದಳು. ಸೀತೆಯ ಮುಖವೊಂದೇ ಪರದೆಯ ತುಂಬ ಬೆಳೆದು ನಡುಗಿತು. ಮುಂದೆ ಕುಳಿತ ಹೆಂಗಸರು ಬಾಯಿಗೆ ಸೆರಗು ತುರುಕಿಕೊಂಡು ಅತ್ತರು. ದೀಪ ಯಾವಾಗ ಸಣ್ಣದಾಗಬೇಕು, ಮದ್ದಳೆ ಎಲ್ಲಿ ನಿಲ್ಲಬೇಕು, ಹಾಡುವ ನಾಗಮ್ಮಾಳ್ ಯಾವ ಮಾತಿಗೆ ರಾಗ ಎತ್ತಬೇಕು, ಎಲ್ಲ ಅವಳ ಕಣ್ಸನ್ನೆಯಲ್ಲಿ ನಡೆಯುತ್ತಿತ್ತು.

ಮದುವೆಯಾದ ಮೇಲೆ ಮೇಳಕ್ಕೆ ಗಂಡನ ಹೆಸರು ಬಂತು. ಗೋವಿಂದನ್ ಕೂತ್ತು, ಗೋವಿಂದನ ಆಟ! ಆಟ ಮುಗಿಯುವ ಹೊತ್ತಿಗೆ ಆ ಗೋವಿಂದನ್ ಪೆಟ್ಟಿಗೆಯ ಪಕ್ಕ ಬಾಯಿ ತೆರೆದು, ಜೊಲ್ಲು ಸುರಿಸುತ್ತ ಮಲಗಿರುತ್ತಿದ್ದ. ಆದರೂ ಊರು ಹೊದಿಸುವ ಶಾಲು ಅವನ ಮೈಮೇಲೆ. ಬಂದ ಧಾನ್ಯ ಮಾವನ ಕಣಜಕ್ಕೆ. ಆಗೆಲ್ಲ ಯಾರಿಗೂ ಗಂಡನ ಅಪ್ಪಣೆ ನೆನಪಾಗಿರಲಿಲ್ಲ.

ಪೆರಿಯಾರ್ ಅಣೆಕಟ್ಟಿನ ನೀರು ಕಣಿವೆಗೆ ಇಳಿದ ಆ ವರ್ಷ ದಿಂಡಿಗಲ್ಲಿನ ಚರ್ಮದ ವ್ಯಾಪಾರಿಯೊಬ್ಬ ಉತ್ತಮಪಾಳಯಂನಲ್ಲಿ ಆಟ ನೋಡಿದ. ತನ್ನೂರಿಗೆ ಕರೆದ. ಹೋಗಿ ಡಂಗುರ ಹೊಡೆಸಿದ್ದು ‘ದೈವಾನೈ ಕೂತ್ತು’ ಎಂದು. ಆ ಸುದ್ದಿ ಬಂದ ದಿನದಿಂದ ಮಾವನಿಗೆ ಮನೆತನದ ಮಾನದ ಚಿಂತೆ ಹತ್ತಿತು.

ಚಾವಡಿಯಲ್ಲಿ ಗಂಡಸರು ತುಂಬಿದ್ದರು. ಅವಳು ಬಾವಿಯ ಬಳಿ ಇದ್ದಾಗಲೇ ಗಂಡನನ್ನು ಕರೆತಂದು ಕೂರಿಸಿದ್ದರು. ಮಾವನಿಗೆ ಒರಗಿದ್ದ. ಕಣ್ಣು ಕೆಂಪು, ಮೂಗು ಸುರಿಯುತ್ತಿತ್ತು.

ಊರಗೌಡ ಎಲೆಯಡಿಕೆಯ ರಸವನ್ನು ಕಂಬದ ಬುಡಕ್ಕೆ ಉಗಿದ. “ಏನವ್ವಾ, ರಾವಣನ್ನೇ ಕುಣ್ಸೋಳು ನೀನು. ಗಂಡನ್ನ ಒಪ್ಸಾಕ ಆಗ್ಲಿಲ್ವಾ?”

ನಗೆ ಎದ್ದಿತು. ಹಿಂದೆ ನಿಂತಿದ್ದ ನಾಗಮ್ಮಾಳ್ ಸುಮ್ಮನಿರಲಿಲ್ಲ. “ಆವಯ್ಯನ್ನ ಕುಣಿಸ್ತಿರೋರು ಯಾರಂತ ಎಲ್ರಿಗೂ ಕಾಣ್ತೈತೆ ಗೌಡ್ರೆ.”

“ನೀ ಬಾಯ್ ಮುಚ್ಚು, ಮುದಿ ಕಿಳವಿ,” ಎಂದರು ಮಾವ. “ನಂದೇನೂ ಇಲ್ಲೆ. ಕಟ್ಕೊಂಡೋನು ಅವನು, ಮಾತೂ ಅವಂದೇ.”

ಊರಗೌಡ ಗಂಡನ ಕಡೆಗೆ ತಿರುಗಿದ. “ಹೇಳಪ್ಪಾ ಮಾಪ್ಳೆ. ನಿನ್ ಹೆಂಡ್ತಿ ದಿಂಡಿಗಲ್ಲಿಗೆ ಹೋಗ್ಲಾ?”

“ಬ್ಯಾಡಾ!” ಗಂಡ ಕಿರುಚಿದ. “ಹೋದ್ರೆ ತಿರುಗಿ ಬರಲ್ಲ ಅವ್ಳು! ನನ್ನ ಬಿಟ್ಟು ಹೋಗ್ತಾಳೆ!”

“ಆಯ್ತಲ್ಲ,” ಎಂದ ಊರಗೌಡ, ತೊಡೆ ತಟ್ಟಿ. “ಗಂಡ ಬ್ಯಾಡ ಅಂದ್ಮೇಲೆ ಮುಗೀತು. ಬೊಂಬೆ ಪೆಟ್ಟಿಗೆ ಇನ್ನು ನಮ್ಮ ಅಟ್ಟದ ಮೇಲಿರ್ಲಿ.”

ಅಟ್ಟ ಹತ್ತಿದ ಬೊಂಬೆಯ ಚರ್ಮ ಒಂದು ಮಳೆಗಾಲ ಕಳೆಯುವುದರೊಳಗೆ ಇಲಿಗಳ ಪಾಲಾಗುತ್ತದೆ. ಅದು ಅವಳಿಗೂ ಗೊತ್ತು, ಊರಗೌಡನಿಗೂ ಗೊತ್ತು.

ಅವಳಿಗೆ ಹೇಸಿಗೆ ಬಂತು. ಗಂಡನ ಮೇಲಲ್ಲ, ಅವನದು ಒಗೆದರೆ ಹೋಗುವ ಕೊಳೆ. ಅವನ ಬಾಯಿಗೆ ತಾವೇ ಮಾತು ಹಾಕಿ, ಆ ಮಾತಿಗೆ ತಾವೇ ತಲೆಬಾಗುವಂತೆ ನಟಿಸುತ್ತ ಕುಳಿತ ಈ ನರೆತ ಮೀಸೆಗಳ ಮೇಲೆ. ಅವಳೂ ಬೊಂಬೆಗಳ ಪರವಾಗಿ ಮಾತಾಡುವವಳೇ. ಆದರೆ ಬೊಂಬೆ ಆಡಿದ್ದೇ ಕಟ್ಟಳೆ ಎಂದು ಯಾರ ಬದುಕನ್ನೂ ಕಟ್ಟಿಹಾಕಿರಲಿಲ್ಲ.

“ಒಂದ್ ಮಾತು ಕೇಳ್ಲಾ ಮಾಮಾ?” ಎಂದಳು. ದನಿ ಮೆತ್ತಗಿತ್ತು. “ಗಂಡ ಒಂದೂರಿಗೆ ಹೊರಟ್ರೆ ಹೆಂಡ್ತಿ ಏನ್ ಮಾಡ್ಬೇಕು?”

“ಹಿಂದೇನೇ ಹೋಗ್ಬೇಕು. ಅದೇ ನಮ್ಮ ಮುರೆ, ನಮ್ಮ ಕಟ್ಟಳೆ.”

“ಅಡ್ಡ ಬರಾಕ ಯಾರಿಗಾದ್ರೂ ಹಕ್ಕೈತಾ?”

“ಯಾರಿಗೈತೆ? ಹೆತ್ತ ಅಪ್ಪಂಗೂ ಇಲ್ಲೆ!” ಮಾವ ಮೀಸೆಯ ಮೇಲೆ ಕೈಯಾಡಿಸಿಕೊಂಡರು. ಕೂಟವೆಲ್ಲ ಆಮಾ, ಆಮಾ ಎಂದು ತಲೆದೂಗಿತು.

ದೈವಾನೈ ಗಂಡನ ಮುಂದೆ ಹೋಗಿ ನಿಂತಳು. “ಏನೂಂದ್ರೆ, ನಾನೊಬ್ಳೇ ಹೋಗಲ್ಲ. ದಿಂಡಿಗಲ್ಲಿಗೆ ನೀವೇ ಹೊರಡ್ತೀರಾ? ಅಲ್ಲಿ ರೈಲು ಬತ್ತೈತೆ.”

ಗಂಡ ಮೂಗು ಒರೆಸಿಕೊಂಡ. ಅಪ್ಪನ ಮುಖವನ್ನು ನೋಡಲಿಲ್ಲ. “ಹೊರಡ್ತೀನಿ,” ಎಂದ. “ಈಗ್ಲೇ.”



ದೈವಾನೈ ಬಾಗಿ, ಆರು ವರ್ಷದ ಗಂಡನನ್ನು ಎತ್ತಿ ಸೊಂಟದ ಮೇಲೆ ಕೂರಿಸಿಕೊಂಡು, ಗಾಡಿ ಹತ್ತಿದಳು.