ಹರಳಿನೊಳಗಿನ ಹೆಂಗಸು

“ಈ ಮನೇಲಿ ನನಗಿಂತ ಮೊದಲು ಯಾರಿದ್ರು?”

ಗಂಡ ಬಾಗಿಲ ಬಳಿ ಕೂತು ಬೂಟು ಬಿಚ್ಚುತ್ತಿದ್ದ. ಲಿಫ್ಟ್ ರಿಪೇರಿ ಅವನ ಕೆಲಸ. ಮೈಯೆಲ್ಲ ಗ್ರೀಸಿನ ವಾಸನೆ, ತಲೆಯ ಮೇಲೆ ಎಂದಿನ ಟೋಪಿ.

“ಜಿರಳೆಗಳಿದ್ವು,” ಎಂದ. “ನೀನು ಬಂದ್ಮೇಲೆ ಹೆದರಿ ಓಡಿಹೋದ್ವು.”

ನಿನ್ನೆಯಾಗಿದ್ದರೆ ನಕ್ಕುಬಿಡುತ್ತಿದ್ದಳು. ಕೇಳಿದ್ದಕ್ಕೆ ಉತ್ತರ ಕೊಡದೆ ನಗಿಸುವ ಗಂಡಸನ್ನು ನಂಬಬೇಡ ಎಂದು ಅಕ್ಕ ಮದುವೆಗೆ ಮುಂಚೆಯೇ ಕಿವಿ ಹಿಂಡಿದ್ದಳು. ಆ ಮಾತು ಈಗ ಅರ್ಥವಾಗತೊಡಗಿತ್ತು.

ಅವಳಿಗೆ ಕನ್ನಡಕದ ಅಂಗಡಿಯಲ್ಲಿ ಗಾಜು ಉಜ್ಜುವ ಕೆಲಸ. ಹಳೆಯ ವಸ್ತುಗಳನ್ನು ಕೂಡಿಡುವ ಮುದುಕರೊಬ್ಬರು ಹೊಗೆಬಣ್ಣದ ಒಂದು ಹರಳನ್ನು ತಂದು, ಚೌಕಟ್ಟು ಕೂರಿಸಿಕೊಡಿ ಎಂದಿದ್ದರು. ಗಾಜಿನಷ್ಟೇ ತೆಳುವಾಗಿ ಸೀಳಿದ್ದ ಹರಳು. ಇಂಥದ್ದು ಲೋಕದಲ್ಲಿ ಇನ್ನೊಂದಿದ್ದರೆ ಹೆಚ್ಚು.

“ಕಣ್ಣಿಗೆ ಹಿಡಿದ್ರೆ ನಿಂತ ಜಾಗವೇ ಕಾಣುತ್ತಮ್ಮ. ಹೊತ್ತು ಮಾತ್ರ ಬೇರೆ,” ಎಂದಿದ್ದರು. “ಹುಷಾರು. ಇದರಿಂದ ಸಂಸಾರಗಳು ಒಡೆದುಹೋಗಿವೆ.”

ಮುದುಕರಿಗೆ ಅರಳುಮರಳು ಎಂದುಕೊಂಡೇ ಅವಳು ಇವತ್ತು ಅದನ್ನು ಮನೆಗೆ ತಂದಿದ್ದಳು. ಚೌಕಟ್ಟು ಕೂರಿಸಿ, ಗಂಡ ಬರುವ ಮುಂಚೆ, ಸರಿ ಹೋಯಿತೇ ನೋಡೋಣವೆಂದು ಅಡುಗೆಮನೆಯ ಕಡೆ ಹಿಡಿದಿದ್ದಳು.

ಗೋಡೆಗೆ ಕಿವಿ ಇರುತ್ತದೆ ಎನ್ನುತ್ತಾರೆ. ನೆನಪೂ ಇರುತ್ತದೆಂದು ಅವಳಿಗೆ ತಿಳಿದಿರಲಿಲ್ಲ.

ಕಿಟಕಿಯ ಪಕ್ಕದ ಕುರ್ಚಿಯಲ್ಲಿ ಒಬ್ಬಳು ಕೂತಿದ್ದಳು. ಬೆನ್ನು ಮಾತ್ರ ಕಾಣುತ್ತಿತ್ತು. ಬೆನ್ನ ಮೇಲೆ ನರೆತ ಜಡೆ. ಒಳಬಾಗಿಲಿನಿಂದ ಗಂಡಸೊಬ್ಬ ಬಂದ. ಅವನೂ ಅತ್ತ ಮುಖ ಮಾಡಿದ್ದ. ಆದರೆ ಆ ಟೋಪಿ, ವಾಲಿದ ಆ ಎಡಭುಜ! ಕಟ್ಟಿಕೊಂಡವಳಿಗೆ ಅಷ್ಟು ಸಾಲದೇ? ಒಂದು ಕಾಲನ್ನು ಎಳೆದುಹಾಕುತ್ತಿದ್ದ. ಚಹಾದ ಲೋಟ ಇಟ್ಟು, ಹೆಂಗಸಿನ ಕೈ ಹಿಡಿದು, ಬೆರಳುಗಳನ್ನು ಒಂದೊಂದಾಗಿ ಲೋಟಕ್ಕೆ ಮುಟ್ಟಿಸಿದ. ಆಮೇಲೆ ಅವಳ ಜಡೆಯನ್ನು ಮುಂದಕ್ಕೆ ಸರಿಸಿ, ಹೆಗಲಿಗೆ ಶಾಲು ಹೊದಿಸಿದ.

ಅಷ್ಟು ನಯವಾಗಿ ಅವನು ತನ್ನನ್ನು ಎಂದಾದರೂ ಮುಟ್ಟಿದ್ದನೇ? ಅದೂ ತನಗಿಂತ ಎಷ್ಟೋ ದೊಡ್ಡ ಹೆಂಗಸನ್ನು!

ಬೂಟು ಬಿಚ್ಚಿ ಎದ್ದವನನ್ನು ಈಗ ಮತ್ತೆ ಕೇಳಿದಳು: “ರೀ, ನಿಮ್ಮ ಕಾಲಿಗೆ ಯಾವಾಗಾದ್ರೂ ಪೆಟ್ಟಾಗಿತ್ತಾ? ಕುಂಟೋ ಹಾಗೆ?”

“ಇಲ್ವಲ್ಲ. ಕುದುರೆ ಹಾಗಿದೀನಿ. ಯಾಕೆ?”

ಸುಳ್ಳು. ಕಣ್ಣಾರೆ ಕಂಡದ್ದನ್ನೇ ಇಲ್ಲವೆನ್ನುತ್ತಾನೆ.

ರಾತ್ರಿ ಊಟ ಸೇರಲಿಲ್ಲ. ಬೆಳಿಗ್ಗೆ ಅವನ ಪೆಟ್ಟಿಗೆ ತಡಕಿದಳು, ಕೋಟಿನ ಜೇಬು ತಡಕಿದಳು. ಸ್ಕ್ರೂ ಸಿಕ್ಕಿತು, ಬಸ್ ಚೀಟಿ ಸಿಕ್ಕಿತು. ಎದುರುಮನೆಯಾಕೆಯನ್ನು ಮಾತಿಗೆಳೆದರೆ, “ಒಬ್ಬರೇ ಇದ್ರಪ್ಪ, ಪಾಪದ ಮನುಷ್ಯ,” ಎಂದಳು. ಅವಳನ್ನೂ ಒಳಹಾಕಿಕೊಂಡಿದ್ದಾನೆ! ಅನುಮಾನಕ್ಕೆ ಹೊಟ್ಟೆ ತುಂಬುವುದೇ ಇಲ್ಲ, ಹಾಕಿದಷ್ಟೂ ತಿನ್ನುತ್ತದೆ.

ಸಂಜೆ ಅವನು ಬಂದೊಡನೆ ತೋಳು ಹಿಡಿದು ಅಡುಗೆಮನೆಯ ಬಾಗಿಲಲ್ಲಿ ನಿಲ್ಲಿಸಿದಳು. ದೀಪ ಹಾಕಿದಳು. ಈಚೆಗೆ ಯಾವ ದೀಪ ನೋಡಿದರೂ ಸುತ್ತ ಬಣ್ಣದ ಬಳೆ ಕಾಣುತ್ತಿತ್ತು. ಗಾಜಿನ ಪುಡಿಯ ಕಾಟ. ಕಣ್ಣುಜ್ಜಿಕೊಂಡು ಹರಳನ್ನು ಅವನ ಕೈಗಿತ್ತಳು.

“ನೋಡಿ. ನೀವೇ ನೋಡಿ ಹೇಳಿ.”

ಅವನು ನಗುತ್ತಲೇ ಕಣ್ಣಿಗೆ ಹಿಡಿದ. ನಗು ಹಾಗೇ ಆರಿತು. ಬಹಳ ಹೊತ್ತು ನೋಡಿದ. ಅವಳು ಕಸಿದುಕೊಳ್ಳಲು ಬಂದಾಗ ಹರಳನ್ನು ಅಂಗೈಯಲ್ಲಿ ಮುಚ್ಚಿಕೊಂಡ.

“ಸಾಕು. ನೀನು ನೋಡ್ಬೇಡ.”

“ಮುಖ ತಿರುಗಿಸಿದ್ಲಾ?”

“ಹ್ಞೂಂ.”

“ಯಾರವಳು?”

ಅವನು ಗೋಡೆಗೆ ಒರಗಿದ. “ನನ್ನ ಮೊದಲ ಹೆಂಡತಿ.”

ಹೆದರಿದ್ದೇ ನಿಜವಾಗಿತ್ತು. ಆದರೂ ಒಳಗೆಲ್ಲೋ ಒಂದು ಹಾಳು ಸಮಾಧಾನ: ಕೊನೆಗೂ ಬಾಯಿ ಬಿಟ್ಟ!

“ಅವಳನ್ನ ಬಿಟ್ಟಿದೀರೋ ಇಲ್ವೋ?”

“ಇಲ್ಲ,” ಎಂದ. “ಬಿಡೋದೂ ಇಲ್ಲ.”

“ನನ್ನ ಮುಂದೇನೇ ಹೇಳ್ತೀರಲ್ಲ, ನಾಚಿಕೆ ಆಗಲ್ವಾ?”

ಅವನು ಹರಳನ್ನು ಬಟ್ಟೆಯಲ್ಲಿ ಸುತ್ತಿ, ಡಬ್ಬಿಯಲ್ಲಿಟ್ಟು, ಗಂಟು ಹಾಕಿ ಕೊಟ್ಟ. ಅವಳು ಕೈಗೆ ಸಿಕ್ಕ ಬಟ್ಟೆಯನ್ನು ಚೀಲಕ್ಕೆ ತುರುಕಿ ಹೊರಟಳು. ತಡೆಯಲು ಅವನು ಎರಡು ಹೆಜ್ಜೆ ಬಂದವನು ಹಾಗೇ ನಿಂತ. “ಮೆಟ್ಟಿಲು ನೋಡ್ಕೊಂಡು ಇಳಿ,” ಎಂದಷ್ಟೇ ಹೇಳಿದ.

ಅಕ್ಕನ ಮನೆಯಲ್ಲಿ ರಾತ್ರಿಯೆಲ್ಲ ಅತ್ತಳು. ಬೆಳಿಗ್ಗೆ ಅಂಗಡಿಯಲ್ಲಿ ಮುದುಕರು ಕಾದು ಕೂತಿದ್ದರು. ಡಬ್ಬಿ ತೆಗೆದುಕೊಳ್ಳುತ್ತ ಅವಳ ಊದಿದ ಕಣ್ಣು ಗಮನಿಸಿದರು.

“ನೋಡೇಬಿಟ್ರಾ?”

“ನೋಡಿದೆ. ಗಂಡನ ಹಳೇ ಸಂಸಾರ.”

ಮುದುಕರು ಹುಬ್ಬೇರಿಸಿದರು. “ಹಳೇದಾ? ಆಗಿಹೋದದ್ದು ಇದರಲ್ಲಿ ಕಾಣೋದೇ ಇಲ್ಲಮ್ಮ. ಮುಂದೆ ಆಗೋದು ಮಾತ್ರ.”

ಅವಳು ಚೀಲವನ್ನು ಅಲ್ಲೇ ಮರೆತು ಹೊರಟಳು. ಮುಂದೆ ಬರುವ ಯಾವಳನ್ನೋ ಅವನು ಈಗಲೇ ಮೊದಲ ಹೆಂಡತಿ ಎನ್ನುವುದೆಂದರೇನು? ಬೀದಿಯುದ್ದಕ್ಕೂ ಆ ಮಾತನ್ನು ತಿರುಗಿಸಿ ಮುರುಗಿಸಿ ನೋಡಿದಳು. ಮನೆಯ ಬಾಗಿಲು ತೆರೆದೇ ಇತ್ತು. ಅವನು ಕೆಲಸಕ್ಕೆ ಹೋಗಿರಲಿಲ್ಲ. ಅಡುಗೆಮನೆಯಲ್ಲಿ ಮಂಡಿಯೂರಿ, ಮೇಜಿನ ಚೂಪಾದ ಮೂಲೆಗಳನ್ನು ಉಜ್ಜಿ ದುಂಡಗೆ ಮಾಡುತ್ತಿದ್ದ.

“ಅವಳು ಮುಖ ತಿರುಗಿಸಿದಾಗ ಏನು ಕಂಡಿತು?” ಎಂದಳು. “ನಿಜ ಹೇಳಿ.”

ಅವನು ತಲೆ ಎತ್ತಲಿಲ್ಲ.

“ನಿನಗೆ ಕಣ್ಣು ಕಾಣ್ತಿರಲಿಲ್ಲ ಕಣೇ. ಆದ್ರೆ ನಗ್ತಾ ಇದ್ದೆ.”