ಅಕ್ಕನಿಗೊಂದು ಕಿವಿ

ಗುರುಪಾದಪ್ಪ ಕನ್ನಡಿಯ ಮುಂದೆ ಕೂತು, ನಿನ್ನೆ ಕೊನೆಗೆ ಬಂದ ಗಿರಾಕಿಯ ಗಡ್ಡವನ್ನು ತನ್ನ ಮುಖದಿಂದ ಕೆರೆದುಕೊಳ್ಳುತ್ತಿದ್ದ. ಫೋಟೋ ತೆಗೆದವರಿಗೆ ತೆಗೆಸಿಕೊಂಡವರ ಮುಖ ಅಂಟಿಕೊಳ್ಳುವುದು, ಮುಂದಿನ ಫೋಟೋದವರೆಗೆ ಅದೇ ಉಳಿಯುವುದು ಗದಗಿನಲ್ಲಿ ಯಾರಿಗೂ ಹೊಸದಲ್ಲ. ಹರೆಯದಿಂದ ಸ್ಟುಡಿಯೋ ನಡೆಸಿದ ಅವನಿಗೆ ಸ್ವಂತ ಮುಖವೇ ಮರೆತುಹೋಗಿತ್ತು.

ಹಾಸಿಗೆ ಹಿಡಿದ ಅಕ್ಕ, "ತಮ್ಮಾ, ಕಣ್ಣು ಮುಚ್ಚೋದರಾಗ ನಿನ್ನ ಫೋಟೋ ಒಂದು ಕಳಸೋ" ಎಂದು ದೀಪಾವಳಿಗೆ ಬರೆದಿದ್ದಳು. ಈಗ ಯುಗಾದಿ ಬಂದಿತ್ತು. ಉತ್ತರವನ್ನೇನೋ ಬರೆದಿಟ್ಟಿದ್ದ, ಫೋಟೋ ಇಲ್ಲದೆ ಲಕೋಟೆ ಅಂಟಿಸಿರಲಿಲ್ಲ.

"ಯಾರ ಮಾರಿ ಕಳಸ್ಲಿ? ಈ ಹೆಡ್‌ಮಾಸ್ತರಂದ?"

ಹೆಂಡತಿ ನೀಲವ್ವ ಚಹಾ ಇಟ್ಟು ನಕ್ಕಳು. "ಮೊನ್ನೆ ಮದುಮಗಳು, ನಿನ್ನೆ ಮಾಸ್ತರ. ನಾನೇನು ಮಾರಿ ನೋಡಿ ಸಂಸಾರ ಮಾಡೀನೇನ್ರಿ? ನಿಮ್ಮ ಕಿವಿ ಎಂದೂ ಬದಲಾಗಿಲ್ಲ. ಅದನ್ನ ಹಿಂಡಿ ಹಿಂಡಿ ಸೊಟ್ಟ ಮಾಡಿದಾಕಿ ನಿಮ್ಮಕ್ಕನ ಅಲ್ಲೇನು?"

ಕ್ಯಾಮೆರಾ ಎತ್ತಿಕೊಂಡಳು. "ಮಾರಿ ಆ ಕಡೆ ತಿರಗಸ್ರಿ. ಮಾಸ್ತರನ ಮೀಸಿ ನನಗ ಬ್ಯಾಡ."

ಬರೀ ಕಿವಿಯ ಫೋಟೋ ಬಂತು. ಅದನ್ನು ಲಕೋಟೆಗೆ ಸೇರಿಸಿ, ಅರ್ಧ ಗಡ್ಡದಲ್ಲೇ ಹೊರಟ. ದಾರಿಯಲ್ಲಿ ಒಬ್ಬಳು ಕೈಮುಗಿದಳು.

"ಮಾಸ್ತರ್ರ, ನನ್ನ ಮಗ ಪಾಸ್ ಆಗ್ಯಾನೇನ್ರಿ?"

"ಆಗ್ಯಾನ, ಹೋಗವ್ವಾ," ಎಂದು ಗುರುಪಾದಪ್ಪ ಕಾಗದವನ್ನು ಅಂಚೆಪೆಟ್ಟಿಗೆಗೆ ಹಾಕಿದ.